ನುಡಿ ತಿನ್ನುವ ಹುಳುವನ್ನು ಕತೆಯೊಳಗೆ ಸಾಕುವ ಬಗೆ

ಭಾಷೆ ತಿನ್ನುವ ಪ್ರಾಣಿ ಎಂದೊಡನೆ ಮೊದಲು ಹೊಳೆಯುವುದು ಪುಟದ ನಡುವೆ ಖಾಲಿ ಜಾಗ. ಅದನ್ನು ಕೈಬಿಡಿ. ಖಾಲಿ ಜಾಗ ಕಂಡ ಓದುಗ ಸುತ್ತಲಿನ ಮಾತಿನಿಂದ ಅದನ್ನು ತುಂಬಿಕೊಂಡು ಮುಂದೆ ಹೋಗುತ್ತಾನೆ, ಹೆದರುವುದಿಲ್ಲ. ಹುಳು ಕಚ್ಚಿದ ಮೇಲೂ ಅಲ್ಲಿ ಒಂದು ಪದ ಉಳಿದಿರಬೇಕು, ಆದರೆ ಬೇರೆಯದೇ ಪದವಾಗಿರಬೇಕು. ನಾನು ಕಟ್ಟಿದ ಪ್ರಾಣಿಗಳೆಲ್ಲ ಈ ಒಂದು ಕಟ್ಟಳೆಯ ಮೇಲೆ ನಿಂತಿವೆ.

ಹಾಗಾಗಿ ಮೊದಲು ಆಹಾರವನ್ನು ಗೊತ್ತು ಮಾಡುತ್ತೇನೆ. 'ಪದ ತಿನ್ನುತ್ತದೆ' ಎಂದರೆ ಸಾಲದು. ಪದದ ಯಾವ ಭಾಗ ಎಂದು ಹೇಳಬೇಕು. ಕನ್ನಡದಲ್ಲಿ ಸಜಾತಿ ಒತ್ತು ತಿನ್ನುವ ಹುಳುವಿಗೆ ಒಳ್ಳೆಯ ಮೇವಿದೆ. ಕತ್ತೆ ಕತೆಯಾಗುತ್ತದೆ, ಹಳ್ಳಿ ಹಳಿಯಾಗುತ್ತದೆ, ಎಲ್ಲೆ ಎಲೆಯಾಗುತ್ತದೆ, ಕೊಳ್ಳ ಕೊಳವಾಗುತ್ತದೆ, ಗಿಡ್ಡ ಗಿಡವಾಗುತ್ತದೆ. ದೀರ್ಘ ತಿನ್ನುವ ಜಾತಿಗೆ ನಾಡು ನಡುವಾಗುತ್ತದೆ, ಬಾಳೆ ಬಳೆಯಾಗುತ್ತದೆ, ಮಾನ ಮನವಾಗುತ್ತದೆ. ಮಹಾಪ್ರಾಣ ತಿನ್ನುವ ಜಾತಿಯನ್ನು ಕಟ್ಟಬೇಡಿ. ಆಡುಮಾತಿನಲ್ಲಿ ಮಹಾಪ್ರಾಣ ಹೇಗೂ ಸವೆದಿರುವುದರಿಂದ ಹುಳು ತಿಂದಿತೋ ಪಾತ್ರ ಹಾಗೇ ಮಾತಾಡುತ್ತದೋ ಓದುಗನಿಗೆ ತಿಳಿಯುವುದಿಲ್ಲ.

ಎಲ್ಲಕ್ಕಿಂತ ಅಪಾಯದ್ದು ಬಾಲ ತಿನ್ನುವ ಜಾತಿ. ನಮ್ಮ ವಾಕ್ಯದಲ್ಲಿ ಕ್ರಿಯಾಪದ ಕೊನೆಗೆ ಬರುತ್ತದೆ, ನಿಷೇಧ ಅದಕ್ಕೂ ಕೊನೆಗೆ. 'ಅವಳು ಬರಲಿಲ್ಲ' ಎಂಬಲ್ಲಿ ಕಡೆಯ ಒಂದೇ ಅಕ್ಷರ ಹೋದರೆ 'ಅವಳು ಬರಲಿ' ಉಳಿಯುತ್ತದೆ. ನಡೆಯದೆ ಹೋದದ್ದು ಹಾರೈಕೆಯಾಗಿಬಿಡುತ್ತದೆ. ಒಂದು ಪತ್ರದ ತುಂಬ ಇಂಥ ಐದಾರು ವಾಕ್ಯಗಳಿದ್ದರೆ, ಪತ್ರ ಓದುವ ಪಾತ್ರ ಯಾವ ಅನುಮಾನವೂ ಇಲ್ಲದೆ ಬಾಗಿಲು ತೆರೆದಿಟ್ಟು ಕಾಯುತ್ತದೆ. ಇದಕ್ಕಿಂತ ಚೆನ್ನಾದ ಕಚ್ಚು ನನಗೆ ಇನ್ನೂ ಸಿಕ್ಕಿಲ್ಲ.

ಎರಡನೆಯದು ತಿಂದದ್ದರ ಲೆಕ್ಕ. ಒತ್ತು ಎಲ್ಲಿಗೆ ಹೋಯಿತು? ಹುಳುವಿನ ಹೊಟ್ಟೆಯಿಂದ ಅದು ಹೊರಬರಲೇಬೇಕು. ಮೂರನೆಯ ಪುಟದಲ್ಲಿ ಎಲ್ಲೆಯ ಒತ್ತು ಹೋದರೆ, ಐದನೆಯ ಪುಟದಲ್ಲಿ ಯಾವುದೋ ಹಳಿ ಹಳ್ಳಿಯಾಗುತ್ತದೆ. ಅದಕ್ಕೆ ಮೂರು ಕಾಲಂ ಇಟ್ಟುಕೊಳ್ಳುತ್ತೇನೆ: ಮೂಲಪದ, ಕಚ್ಚಿದ ಪದ, ತಿಂದದ್ದು ಹೊರಬಿದ್ದ ಪುಟ. ಲೆಕ್ಕ ಕೂಡದಿದ್ದರೆ ಹುಳು ಬರಿಯ ಅಚ್ಚಿನ ತಪ್ಪಿನಂತೆ ಕಾಣುತ್ತದೆ. ಪ್ರಮಾಣವೂ ಮುಖ್ಯ. ಇನ್ನೂರೈವತ್ತು ಪದಗಳ ಪುಟಕ್ಕೆ ಮೊದಲಿಗೆ ಎರಡೇ ಕಚ್ಚು, ಅವೂ ಸಂಭಾಷಣೆಯಲ್ಲಿ. ಕತೆಯ ನಡುವಿಗೆ ಆರು. ಹತ್ತು ದಾಟಿದರೆ ಓದುಗ ಅರ್ಥ ಬಿಟ್ಟು ಒಗಟು ಬಿಡಿಸಲು ಕೂರುತ್ತಾನೆ.

ಹೆಸರಿಡುವಾಗ ಹುಳುವಿನ ಆಹಾರವೇ ಹೆಸರಿನೊಳಗೆ ಇರಬಾರದು. 'ಒತ್ತುಗಳ್ಳ' ಎಂದಿಟ್ಟರೆ ಕಚ್ಚಿಸಿಕೊಂಡ ಪಾತ್ರ ಆ ಹೆಸರನ್ನು ಹೇಳುವಂತಿಲ್ಲ. 'ನುಡಿಹುಳು' ಎಂಬುದರಲ್ಲಿ ಒತ್ತೂ ಇಲ್ಲ, ದೀರ್ಘವೂ ಇಲ್ಲ. ಎರಡೂ ಜಾತಿಗೆ ಸಲ್ಲುತ್ತದೆ.

ಅರ್ಥ ತಿನ್ನುವ ಪ್ರಾಣಿ ಬೇರೆ ಕುಲದ್ದು. ಪದ ತಿನ್ನುವುದಕ್ಕೂ ಅರ್ಥ ತಿನ್ನುವುದಕ್ಕೂ ಇರುವ ಅಂತರವನ್ನು ನಾನು ಕಲಿತದ್ದು ಮಿದುಳಿನ ಹಾನಿಯಿಂದ ಮಾತು ಕೆಟ್ಟವರ ಬಗ್ಗೆ ವೈದ್ಯರು ಬರೆದ ಬರಹಗಳಿಂದ. ಪಾಲ್ ಬ್ರೋಕಾ 1861ರಲ್ಲಿ ವರದಿ ಮಾಡಿದ ರೋಗಿಗೆ ಇತರರ ಮಾತು ತಿಳಿಯುತ್ತಿತ್ತು, ಬಾಯಿಂದ ಮಾತ್ರ ಹೆಚ್ಚುಕಡಿಮೆ 'ತಾನ್' ಎಂಬ ಒಂದೇ ಉಲಿ ಹೊರಡುತ್ತಿತ್ತು. ಕಾರ್ಲ್ ವೆರ್ನಿಕೆ 1874ರಲ್ಲಿ ವಿವರಿಸಿದ ಬಗೆಯಲ್ಲಿ ಮಾತು ಸರಾಗವಾಗಿ ಹರಿಯುತ್ತದೆ, ಹುರುಳಿರುವುದಿಲ್ಲ. ಅರ್ಥ ತಿನ್ನುವ ಪ್ರಾಣಿಯನ್ನು ಬರೆಯುವಾಗ ಎರಡನೆಯದರ ಹಾದಿ ಹಿಡಿಯಬೇಕು. ವಿಭಕ್ತಿ, ಲಿಂಗ, ವಚನ ಒಂದನ್ನೂ ಮುಟ್ಟುವಂತಿಲ್ಲ. ನಾಮಪದ ಮಾತ್ರ ಪಕ್ಕದ ಪದಕ್ಕೆ ಸರಿಯುತ್ತದೆ: ಬಾಗಿಲು ಕಿಟಕಿಯಾಗಿ, ಕಿಟಕಿ ಗೋಡೆಯಾಗಿ. 'ಗೋಡೆಯನ್ನು ತೆರೆದು ಒಳಗೆ ಬಾ' ಎಂದು ತಾಯಿ ಸಹಜವಾದ ದನಿಯಲ್ಲಿ ಹೇಳಬೇಕು. ಮೂರು ಹೆಜ್ಜೆಗಿಂತ ದೂರ ಸರಿಸಿದರೆ ಎಳೆ ಕಡಿದುಹೋಗುತ್ತದೆ.

ಇನ್ನೊಂದು ದಾರಿ ಓದುಗನನ್ನೇ ಕಚ್ಚಿಸುವುದು. ಒಂದೇ ಪದವನ್ನು ಬಿಡದೆ ಹೇಳುತ್ತಿದ್ದರೆ ಅರ್ಥ ತುಸು ಹೊತ್ತು ಜಾರುತ್ತದೆ. ಮನೋವಿಜ್ಞಾನಿ ಲಿಯಾನ್ ಜಾಕೊಬೊವಿಟ್ಸ್ 1962ರ ಪಿಎಚ್‌ಡಿ ಪ್ರಬಂಧದಲ್ಲಿ ಈ ಅನುಭವಕ್ಕೆ 'ಸೆಮ್ಯಾಂಟಿಕ್ ಸೇಷಿಯೇಷನ್' ಎಂಬ ಹೆಸರು ಕೊಟ್ಟರು. 'ಮನೆ'ಯಂಥ ಎರಡಕ್ಷರದ ಪದವನ್ನು ಒಂದೇ ಪ್ಯಾರಾದಲ್ಲಿ ಹನ್ನೆರಡು ಸಲ ತರಬಹುದು. ಉದ್ದದ ಪದ ಇದಕ್ಕೆ ಒಗ್ಗುವುದಿಲ್ಲ, ಓದುಗ ಅದನ್ನು ಹಾರಿಸಿ ಓದುತ್ತಾನೆ.

ಪಾತ್ರಗಳಿಗೆ ರಕ್ಷಣೆ ಬೇಕಲ್ಲ, ಅದು ಛಂದಸ್ಸಿನಲ್ಲಿದೆ. ಕತ್ತೆ ಮೂರು ಮಾತ್ರೆ, ಕತೆ ಎರಡು. ಭಾಮಿನಿ ಷಟ್ಪದಿಯಲ್ಲಿ ಒಂದನೆಯ, ಎರಡನೆಯ, ನಾಲ್ಕನೆಯ, ಐದನೆಯ ಸಾಲುಗಳಿಗೆ ಹದಿನಾಲ್ಕು ಮಾತ್ರೆ. ಒತ್ತು ಹೋದ ಕಡೆ ಹದಿಮೂರಾಗಿ ಹಾಡುವ ನಾಲಿಗೆ ಎಡವುತ್ತದೆ. ಎರಡನೆಯ ಅಕ್ಷರದ ಒತ್ತು ಹೋದರಂತೂ ಆದಿಪ್ರಾಸವೂ ಕೆಡುತ್ತದೆ. ಮುಖ್ಯವಾದ ಸುದ್ದಿಯನ್ನೆಲ್ಲ ಷಟ್ಪದಿಯಲ್ಲೇ ಕಳಿಸುವ ಊರನ್ನು ಇದರ ಮೇಲೆ ಕಟ್ಟಬಹುದು.

ಕೆಲಸ ಕೆಡುವುದು ಹೆಚ್ಚಾಗಿ ಕಂಪ್ಯೂಟರಿನಲ್ಲಿ. 'ತ್ತ' ಹುಡುಕಿ 'ತ' ಹಾಕೆಂದು ಒಮ್ಮೆಗೇ ಬದಲಿಸಿದರೆ ಅತ್ತ, ಇತ್ತ, ಹತ್ತು ಎಲ್ಲವೂ ಮುರಿದು ಅರ್ಥವಿಲ್ಲದ ಚೂರುಗಳಾಗುತ್ತವೆ. ಒಂದೊಂದಾಗಿ ಕೈಯಿಂದಲೇ ಕಚ್ಚಿಸಬೇಕು. ಕಚ್ಚದ ಪ್ರತಿಯನ್ನು ಬೇರೆ ಕಡತದಲ್ಲಿ ಉಳಿಸಿಕೊಳ್ಳಿ. ಕರಡು ತಿದ್ದುವವರಿಗೆ ಆ ಮೂರು ಕಾಲಮಿನ ಪಟ್ಟಿಯನ್ನು ಮೊದಲೇ ಕೊಟ್ಟಿರಬೇಕು, ಇಲ್ಲದಿದ್ದರೆ 'ಅವಳು ಬರಲಿ' ಇದ್ದ ಕಡೆಯಲ್ಲೆಲ್ಲ ಅವರು ಕಾಳಜಿಯಿಂದ 'ಬರಲಿಲ್ಲ' ಎಂದು ತಿದ್ದಿಟ್ಟಿರುತ್ತಾರೆ.