ಹಳೆಯ ಟಿವಿ ಗೇಮನ್ನು ಕಂಪ್ಯೂಟರಿನಲ್ಲಿ ಸರಿಯಾಗಿ ಓಡಿಸುವುದು ಹೇಗೆ

ಕಾರವಾರ, ಅಂಕೋಲಾ, ಕುಮಟಾ ಕಡೆಯ ಮನೆಗಳ ಅಟ್ಟದ ಮೇಲೆ ಬಿದ್ದಿರುವ ಟಿವಿ ಗೇಮುಗಳಲ್ಲಿ ಈಗ ಚಾಲೂ ಆಗುವುದು ಕಡಿಮೆ. ಉಪ್ಪುಗಾಳಿಗೆ ಕ್ಯಾಸೆಟ್ಟಿನ ಪಿನ್ನುಗಳು ಹಸಿರುಗಟ್ಟುತ್ತವೆ. ಘಟ್ಟದ ಮೇಲಾದರೆ ಮಳೆಗಾಲದ ತೇವಕ್ಕೆ ರಿಮೋಟಿನೊಳಗಿನ ರಬ್ಬರ್ ಅಂಟಂಟಾಗುತ್ತದೆ. ಅದೇ ಗೇಮುಗಳನ್ನು ಇವತ್ತಿನ ಕಂಪ್ಯೂಟರಿನಲ್ಲಿ ಆಡಿಸುವುದು ಎಮ್ಯುಲೇಟರ್ ತಂತ್ರಾಂಶ. ಗೇಮ್ ತೆರೆದುಕೊಳ್ಳುವುದಕ್ಕೆ ಹತ್ತು ನಿಮಿಷ ಸಾಕು. ಆದರೆ ವೇಗ ಅಂದಿನದೇ ಇರಬೇಕು, ಗುಂಡಿ ಒತ್ತಿದ ಕೂಡಲೇ ಜಿಗಿಯಬೇಕು, ಕರೆಂಟು ಹೋದರೂ ಆಡಿದ್ದು ಉಳಿಯಬೇಕು ಎಂದರೆ ಕೆಲವು ಸೆಟ್ಟಿಂಗುಗಳನ್ನು ಕೈಯಾರೆ ಬದಲಿಸಲೇಬೇಕು. ಇಲ್ಲಿ ಹೆಚ್ಚು ಜಾಗ ಅವಕ್ಕೇ.

ಇನ್‌ಸ್ಟಾಲ್

ನಾವು ಹೇಳುತ್ತಿರುವುದು ರೆಟ್ರೋಆರ್ಕ್ ಬಗ್ಗೆ. ಉಚಿತ, ಜಾಹೀರಾತಿಲ್ಲ, ವಿಂಡೋಸ್, ಲಿನಕ್ಸ್, ಆಂಡ್ರಾಯ್ಡ್ ಎಲ್ಲದರಲ್ಲೂ ಹೆಚ್ಚುಕಡಿಮೆ ಒಂದೇ ಮೆನು. 4 ಜಿಬಿ ರ್‍ಯಾಮ್ ಇರುವ ಹಳೆಯ ಲ್ಯಾಪ್‌ಟಾಪಿನಲ್ಲೂ 8-ಬಿಟ್, 16-ಬಿಟ್ ಗೇಮುಗಳು, ಮೊದಲ ಪ್ಲೇಸ್ಟೇಷನ್ ಸಲೀಸಾಗಿ ಓಡುತ್ತವೆ. ಬೇರೆ ಗ್ರಾಫಿಕ್ಸ್ ಕಾರ್ಡ್ ಬೇಡ.

ರೆಟ್ರೋಆರ್ಕ್ ಡಾಟ್ ಕಾಮ್‌ನಿಂದಲೇ ಇಳಿಸಿಕೊಳ್ಳಿ. ಸ್ಟೀಮ್ ಮತ್ತು ಪ್ಲೇಸ್ಟೋರ್ ಆವೃತ್ತಿಗಳಲ್ಲಿ ಸಿಗುವ ಕೋರ್‌ಗಳು, ಅಂದರೆ ಒಂದೊಂದು ಗೇಮ್ ಯಂತ್ರವನ್ನು ಅನುಕರಿಸುವ ತಂತ್ರಾಂಶದ ತುಣುಕುಗಳು, ಕಡಿಮೆ. ವಿಂಡೋಸ್‌ನಲ್ಲಿ ಇನ್‌ಸ್ಟಾಲರ್‌ಗಿಂತ ಕುಗ್ಗಿಸಿದ ಫೈಲ್ ತೆಗೆದುಕೊಂಡು ಡಿ ಡ್ರೈವಿನಲ್ಲಿ ಒಂದು ಫೋಲ್ಡರ್ ಮಾಡಿ ಬಿಡಿಸುವುದು ಒಳ್ಳೆಯದು. ಪ್ರೋಗ್ರಾಮ್ ಫೈಲ್ಸ್ ಒಳಗೆ ಮಾತ್ರ ಇಡಬೇಡಿ. ಅಲ್ಲಿ ಬರೆಯಲು ವಿಂಡೋಸ್ ಅನುಮತಿ ಕೊಡುವುದಿಲ್ಲ, ಸೆಟ್ಟಿಂಗುಗಳು ಉಳಿಯದೆ ಪ್ರತಿ ಸಲ ಮೊದಲಿನಿಂದ ಶುರು ಮಾಡಬೇಕಾಗುತ್ತದೆ.

ರೆಟ್ರೋಆರ್ಕ್ ತಾನಾಗಿ ಯಾವ ಗೇಮನ್ನೂ ಓಡಿಸದು. ಒಂದೊಂದು ಯಂತ್ರಕ್ಕೂ ಒಂದೊಂದು ಕೋರ್ ಬೇಕು. 'ಆನ್‌ಲೈನ್ ಅಪ್‌ಡೇಟರ್' ಒಳಗೆ ಮೊದಲು 'ಕೋರ್ ಇನ್ಫೋ ಫೈಲ್ಸ್' ಮತ್ತು 'ಕಂಟ್ರೋಲರ್ ಪ್ರೊಫೈಲ್ಸ್' ಅಪ್‌ಡೇಟ್ ಮಾಡಿ, ಆಮೇಲೆ 'ಕೋರ್ ಡೌನ್‌ಲೋಡರ್' ತೆರೆಯಿರಿ. ಹಳೆಯ ಟಿವಿ ಗೇಮಿಗೆ, ಅಂದರೆ ನಿಂಟೆಂಡೋದ ಫ್ಯಾಮಿಕಾಮ್ ನಕಲು ಯಂತ್ರಗಳಿಗೆ, ಎಫ್‌ಸಿಇಯುಎಮ್ಎಮ್. ಸೂಪರ್ ನಿಂಟೆಂಡೋಗೆ ಸ್ನೆಸ್9ಎಕ್ಸ್, ಸೆಗಾಕ್ಕೆ ಜೆನೆಸಿಸ್ ಪ್ಲಸ್ ಜಿಎಕ್ಸ್, ಗೇಮ್‌ಬಾಯ್ ಅಡ್ವಾನ್ಸ್‌ಗೆ ಎಮ್‌ಜಿಬಿಎ, ಪ್ಲೇಸ್ಟೇಷನ್‌ಗೆ ಪಿಸಿಎಸ್ಎಕ್ಸ್ ರೀಆರ್ಮ್ಡ್, ನಾಣ್ಯ ಹಾಕಿ ಆಡುವ ಆರ್ಕೇಡ್ ಗೇಮುಗಳಿಗೆ ಫೈನಲ್‌ಬರ್ನ್ ನಿಯೋ. ಪಟ್ಟಿಯಲ್ಲಿರುವುದನ್ನೆಲ್ಲ ಇಳಿಸುವ ಅಗತ್ಯವಿಲ್ಲ.

ಜೋಯಿಡಾ, ಸಿದ್ದಾಪುರದ ಒಳಹಳ್ಳಿಗಳಲ್ಲಿ ನೆಟ್‌ವರ್ಕ್ ಸಿಗದಿದ್ದರೆ ಪೇಟೆಯಲ್ಲಿ ಒಂದು ಕಂಪ್ಯೂಟರಿನಲ್ಲಿ ಎಲ್ಲ ಸಿದ್ಧಮಾಡಿ, ಆ ಫೋಲ್ಡರನ್ನು ಇಡಿಯಾಗಿ ಪೆನ್‌ಡ್ರೈವಿಗೆ ಹಾಕಿಕೊಂಡು ಬನ್ನಿ. ವಿಂಡೋಸ್‌ನಿಂದ ವಿಂಡೋಸ್‌ಗೆ ಹಾಗೇ ನಡೆಯುತ್ತದೆ.

ಗೇಮ್ ಫೈಲು ಎಲ್ಲಿಂದ

ಎಮ್ಯುಲೇಟರ್ ಇಟ್ಟುಕೊಳ್ಳುವುದರಲ್ಲಿ ತಪ್ಪೇನಿಲ್ಲ. ಪ್ರಶ್ನೆ ಇರುವುದು ಗೇಮ್ ಫೈಲಿನದು. 1957ರ ಕೃತಿಸ್ವಾಮ್ಯ ಕಾಯ್ದೆಯ 52(1)(ಎಎ) ಕಲಂ, ಕಾನೂನುಬದ್ಧವಾಗಿ ಪ್ರತಿ ಹೊಂದಿದವರು ಆ ಪ್ರತಿಯಿಂದಲೇ, ಹಾಳಾದರೆ ಇರಲಿ ಎಂದು ಬ್ಯಾಕಪ್ ಮಾಡಿಕೊಳ್ಳಲು ಅವಕಾಶ ಕೊಡುತ್ತದೆ. ಎಲ್ಲಿಂದಲೋ ಇಳಿಸಿದ ಫೈಲು ಇದರೊಳಗೆ ಬರುವುದಿಲ್ಲ. ನಮ್ಮಲ್ಲಿ ಎಲ್ಲರ ಮನೆಯಲ್ಲಿದ್ದ '9999 ಇನ್ 1' ಕ್ಯಾಸೆಟ್ ಕೂಡ ಮೂಲ ಕಂಪನಿಯ ಅನುಮತಿಯಿಲ್ಲದ ನಕಲೇ ಆದ್ದರಿಂದ ಅದಕ್ಕೂ ಈ ಕಲಂ ನೆರವಿಗೆ ಬರುತ್ತದೆ ಎನ್ನಲಾಗದು.

ಅಸಲಿ ಕ್ಯಾಸೆಟ್ ಇದ್ದರೆ ಐಎನ್ಎಲ್ ರೆಟ್ರೋದಂಥ ಯುಎಸ್‌ಬಿ ಡಂಪರ್‌ನಿಂದ (ಕ್ಯಾಸೆಟ್ಟಿನಲ್ಲಿರುವುದನ್ನು ಫೈಲಾಗಿ ನಕಲಿಸುವ ಸಾಧನ) ಓದಿಸಬಹುದು. ಕೊಳ್ಳುವ ಮೊದಲು ಪಿನ್ ಎಣಿಸಿ: ಜಪಾನಿನ ಫ್ಯಾಮಿಕಾಮ್ ಮತ್ತು ನಮ್ಮ ನಕಲು ಯಂತ್ರಗಳ ಕ್ಯಾಸೆಟ್ 60 ಪಿನ್ನಿನದು, ಅದೇ ಯಂತ್ರದ ಅಮೆರಿಕದ ರೂಪವಾದ ಎನ್ಇಎಸ್‌ನದು 72 ಪಿನ್ನಿನದು. ಓದಿಸುವ ಮೊದಲು 99 ಶೇಕಡಾ ಐಸೊಪ್ರೊಪೈಲ್ ಆಲ್ಕೋಹಾಲನ್ನು ಹತ್ತಿಯ ಕಡ್ಡಿಗೆ ಅದ್ದಿ ಪಿನ್ನುಗಳನ್ನು ಉದ್ದಕ್ಕೆ ಒರೆಸಿ. ಕಡ್ಡಿಗೆ ಕಪ್ಪು, ಹಸಿರು ಹತ್ತುವುದು ನಿಲ್ಲುವವರೆಗೂ ಹೊಸ ಕಡ್ಡಿ ತೆಗೆದುಕೊಳ್ಳುತ್ತಿರಿ, ಪೂರ್ತಿ ಆರಿದ ಮೇಲೆ ಸಿಕ್ಕಿಸಿ. ಬಾಯಿಂದ ಊದಬೇಡಿ, ಉಸಿರಿನ ತೇವ ಸೇರಿದರೆ ಕರಾವಳಿಯಲ್ಲಿ ತುಕ್ಕು ಬೇಗ ಏರುತ್ತದೆ. ಪ್ಲೇಸ್ಟೇಷನ್ ಸಿಡಿಯನ್ನು ಕಂಪ್ಯೂಟರಿನ ಡಿವಿಡಿ ಡ್ರೈವಿನಲ್ಲಿ ಹಾಕಿ, ಬಿನ್ ಮತ್ತು ಕ್ಯೂ ಎಂಬ ಎರಡು ಫೈಲುಗಳಾಗಿ ಉಳಿಸಿಕೊಳ್ಳಿ.

ಪರೀಕ್ಷೆಗೆ ಉಚಿತ ಗೇಮ್ ಬೇಕಿದ್ದರೆ ಆನ್‌ಲೈನ್ ಅಪ್‌ಡೇಟರ್ ಒಳಗಿನ 'ಕಂಟೆಂಟ್ ಡೌನ್‌ಲೋಡರ್' ನೋಡಿ. '240ಪಿ ಟೆಸ್ಟ್ ಸೂಟ್' ಎಂಬ ಉಚಿತ ಫೈಲನ್ನಂತೂ ಇಳಿಸಿಟ್ಟುಕೊಳ್ಳಿ. ಬಣ್ಣ, ಧ್ವನಿ, ಚಿತ್ರ ಜಾರುವ ರೀತಿ ಎಲ್ಲವನ್ನೂ ಅದರಲ್ಲಿ ಪರೀಕ್ಷಿಸಬಹುದು.

ವೇಗ ಬೇರೆಯಾಗಿ ಕಾಣುವುದು ಏಕೆ

ಚಿಕ್ಕಂದಿನಲ್ಲಿ ಆಡಿದವರು ಎಮ್ಯುಲೇಟರ್ ಹಾಕಿದ ತಕ್ಷಣ ಹೇಳುವ ಮಾತು, 'ಇದು ತುಂಬ ಜೋರು ಓಡ್ತದೆ' ಎಂದು. ಅವರ ನೆನಪು ಸರಿಯಾಗಿಯೇ ಇದೆ. ಈ ಗೇಮುಗಳಲ್ಲಿ ಹೆಚ್ಚಿನವು ತಯಾರಾದದ್ದು ಸೆಕೆಂಡಿಗೆ ಸುಮಾರು 60 ಚಿತ್ರ ತೋರಿಸುವ ಜಪಾನ್, ಅಮೆರಿಕದ ಟಿವಿಗಳಿಗೆ. ಭಾರತದ್ದು ಆಗ ಪಾಲ್ ಎಂಬ ಟಿವಿ ಪ್ರಸಾರ ಪದ್ಧತಿ, 50 ಚಿತ್ರ. ಪಾಲ್ ಟಿವಿಗೆಂದು ಮಾಡಿದ ನಕಲು ಯಂತ್ರಗಳು ಅದೇ ಗೇಮನ್ನು 50ರಲ್ಲಿ ಓಡಿಸುತ್ತಿದ್ದವು, ಹಾಗಾಗಿ ಸುಮಾರು 17 ಶೇಕಡಾ ನಿಧಾನ. ಗೇಮಿನ ಸಂಗೀತವೂ ಚಿತ್ರದ ಲೆಕ್ಕದಲ್ಲೇ ಮುಂದೆ ಹೋಗುವುದರಿಂದ ಅದೂ ನಿಧಾನವಾಗುತ್ತದೆ, ಆದರೆ ಚಿಪ್ಪಿನ ವೇಗ ಹೆಚ್ಚುಕಡಿಮೆ ಅಷ್ಟೇ ಇರುವುದರಿಂದ ಸ್ವರದ ಎತ್ತರ ಬದಲಾಗುವುದಿಲ್ಲ. ಭಾಗವತರು ಅದೇ ಪದ್ಯವನ್ನು ಅದೇ ಶ್ರುತಿಯಲ್ಲಿ ವಿಳಂಬ ಲಯಕ್ಕೆ ಇಳಿಸಿದ ಹಾಗೆ.

ಅಂದಿನ ವೇಗವೇ ಬೇಕಿದ್ದರೆ ಗೇಮ್ ಓಡುತ್ತಿರುವಾಗ ಎಫ್1 ಒತ್ತಿ, 'ಕೋರ್ ಆಪ್ಷನ್ಸ್' ಒಳಗೆ 'ರೀಜನ್' ಎಂಬುದನ್ನು 'ಡೆಂಡಿ' ಮಾಡಿ. ಡೆಂಡಿ ಎಂದರೆ ರಷ್ಯಾದಲ್ಲಿ ಮಾರಾಟವಾದ ಇಂಥದೇ ನಕಲು ಯಂತ್ರ. ಪಕ್ಕದಲ್ಲೇ ಇರುವ 'ಪಾಲ್' ಆರಿಸಬೇಡಿ. ಅದು ಯುರೋಪಿನ ಅಸಲಿ ಯಂತ್ರದ್ದು, ಅದರ ಪ್ರೊಸೆಸರ್ ವೇಗವೂ ಬೇರೆ, ಕೆಲವು ಗೇಮುಗಳಲ್ಲಿ ಚಿತ್ರ ಅಲುಗುತ್ತದೆ. ಡೆಂಡಿ ಮಾಡಿದ ಮೇಲೆ ಪರದೆ 60 ಹರ್ಟ್ಜ್‌ನಲ್ಲೇ ಇದ್ದರೆ ಹಿನ್ನೆಲೆ ತಡೆತಡೆದು ಜಾರುತ್ತದೆ. ಎಚ್‌ಡಿಎಮ್‌ಐನಲ್ಲಿ ಟಿವಿಗೆ ಜೋಡಿಸಿದ್ದರೆ ವಿಂಡೋಸ್‌ನ ಡಿಸ್‌ಪ್ಲೇ ಸೆಟ್ಟಿಂಗಿನಲ್ಲಿ ಟಿವಿಯನ್ನು 50 ಹರ್ಟ್ಜ್ ಮಾಡಿ. ಲ್ಯಾಪ್‌ಟಾಪಿನ ಪರದೆಗೆ 50 ಬಾರದಿದ್ದರೆ 60ರಲ್ಲೇ ಆಡುವುದು ಮೇಲು.

ಅಂದಿನ ರಿಮೋಟಿನಲ್ಲಿದ್ದ ಟರ್ಬೋ ಗುಂಡಿಗಳೂ (ಹಿಡಿದುಕೊಂಡರೆ ಮತ್ತೆ ಮತ್ತೆ ಒತ್ತಿದಂತಾಗುವಂಥವು) ಇಲ್ಲಿವೆ. ಅದೇ ಕೋರ್ ಆಪ್ಷನ್ಸ್‌ನಲ್ಲಿ 'ಟರ್ಬೋ ಎನೇಬಲ್' ಅನ್ನು 'ಪ್ಲೇಯರ್ 1' ಅಥವಾ 'ಬೋತ್' ಮಾಡಿದರೆ ಎಕ್ಸ್, ವೈ ಗುಂಡಿಗಳು ಟರ್ಬೋ ಆಗುತ್ತವೆ. ಬಾತುಕೋಳಿ ಹೊಡೆಯುವ ಪಿಸ್ತೂಲು ಮಾತ್ರ ಈಗಿನ ಎಲ್‌ಇಡಿ ಟಿವಿಗೆ ನಡೆಯುವುದಿಲ್ಲ. ಕುದುರೆ ಎಳೆದ ಕೂಡಲೇ ಪರದೆ ಕಪ್ಪಾಗಿ ಕೋಳಿಯ ಜಾಗದಲ್ಲಿ ಬಿಳಿ ಚೌಕ ಮೂಡುತ್ತಿತ್ತು, ಪಿಸ್ತೂಲು ಆ ಬೆಳಕನ್ನು ಆ ಕ್ಷಣದಲ್ಲೇ ಹಿಡಿಯಬೇಕಿತ್ತು; ಹೊಸ ಪರದೆಗಳು ಚಿತ್ರವನ್ನು ತಡವಾಗಿ ತೋರಿಸುತ್ತವೆ, ಹಳೆ ಪರದೆಯ ಮಿನುಗೂ ಅವಕ್ಕಿಲ್ಲ. 'ಕಂಟ್ರೋಲ್ಸ್' ಒಳಗೆ ಪೋರ್ಟ್ 2ರ 'ಡಿವೈಸ್ ಟೈಪ್' ಅನ್ನು 'ಜ್ಯಾಪರ್' (ಆ ಪಿಸ್ತೂಲಿನ ಹೆಸರು) ಮಾಡಿ, ಕೋರ್ ಆಪ್ಷನ್ಸ್‌ನಲ್ಲಿ 'ಜ್ಯಾಪರ್ ಮೋಡ್' ಅನ್ನು 'ಮೌಸ್' ಮಾಡಿದರೆ ಮೌಸಿನಲ್ಲೇ ಗುರಿ ಹಿಡಿಯಬಹುದು.

ಗುಂಡಿ ಒತ್ತಿದ ಕೂಡಲೇ ಜಿಗಿಯಲು

ಮೊದಲು ಟಿವಿಯಲ್ಲಿ ಗೇಮ್ ಮೋಡ್ ಹಾಕಿ. ಎಲ್ಲಕ್ಕಿಂತ ಹೆಚ್ಚು ತಡ ಕಡಿಮೆಯಾಗುವುದು ಅದರಿಂದಲೇ. ಆಮೇಲೆ ರನ್-ಅಹೆಡ್, ಅಂದರೆ ಗೇಮಿನೊಳಗೇ ಇರುವ ತಡವನ್ನು ಕಳೆಯಲು ಕೆಲವು ಚಿತ್ರ ಮುಂದಾಗಿ ಲೆಕ್ಕ ಹಾಕುವ ಸೌಲಭ್ಯ. ಎಷ್ಟು ಇಡಬೇಕೆಂದು ಊಹಿಸಬೇಡಿ, ಅಳೆಯಿರಿ: ಪಿ ಒತ್ತಿ ಗೇಮ್ ನಿಲ್ಲಿಸಿ, ಜಿಗಿಯುವ ಗುಂಡಿಯನ್ನು ಹಿಡಿದುಕೊಂಡೇ ಕೀಬೋರ್ಡಿನ ಕೆ ಒಂದೊಂದಾಗಿ ಒತ್ತುತ್ತ ಹೋಗಿ, ಒಂದು ಒತ್ತಿಗೆ ಒಂದು ಚಿತ್ರ ಮುಂದೆ ಹೋಗುತ್ತದೆ. ಪಾತ್ರ ಮೂರನೆಯ ಒತ್ತಿಗೆ ಅಲುಗಿದರೆ ಅದರಲ್ಲಿ ಒಂದು ಕಳೆದು 2 ಇಡಿ. 'ಸೆಟ್ಟಿಂಗ್ಸ್', 'ಲೇಟೆನ್ಸಿ' ಒಳಗೆ ಸಿಗುತ್ತದೆ. ಹೆಚ್ಚಿಟ್ಟರೆ ಪಾತ್ರ ನಡುವಿನ ಚಿತ್ರಗಳನ್ನು ಬಿಟ್ಟು ಹಾರಿದಂತೆ ಕಾಣುತ್ತದೆ. ಗೇಮಿನಿಂದ ಗೇಮಿಗೆ ಈ ಲೆಕ್ಕ ಬದಲಾಗುವುದರಿಂದ 'ಓವರ್‌ರೈಡ್ಸ್' ಒಳಗೆ ಆ ಗೇಮಿಗೆ ಮಾತ್ರ ಉಳಿಸಿ.

ಚಿತ್ರ ಚೊಕ್ಕವಾಗಿರಲು 'ಸೆಟ್ಟಿಂಗ್ಸ್', 'ವಿಡಿಯೋ', 'ಸ್ಕೇಲಿಂಗ್' ಒಳಗೆ 'ಇಂಟಿಜರ್ ಸ್ಕೇಲ್' ಆನ್ ಮಾಡಿ. ಹಳೆ ಗೇಮಿನ ಎತ್ತರ 240 ಗೆರೆ. 1080 ಗೆರೆಯ ಪರದೆಗೆ ನಾಲ್ಕೂವರೆ ಪಟ್ಟು ಹಿಗ್ಗಿಸಿದರೆ ಕೆಲವು ಚುಕ್ಕಿ ದಪ್ಪ, ಕೆಲವು ಸಣ್ಣ ಆಗುತ್ತವೆ. ನಾಲ್ಕು ಪಟ್ಟು, ಅಂದರೆ 960ಕ್ಕೆ ನಿಲ್ಲಿಸಿದರೆ ಎಲ್ಲ ಒಂದೇ ಸಮ. ಹಳೆ ಟಿವಿಯ ಗೆರೆಗಳು ಬೇಕೆನ್ನುವವರು ಝಡ್‌ಫಾಸ್ಟ್-ಸಿಆರ್‌ಟಿ ಎಂಬ ಶೇಡರ್ (ಚಿತ್ರದ ರೂಪ ಬದಲಿಸುವ ಫಿಲ್ಟರ್) ಹಾಕಿಕೊಳ್ಳಿ, ಸಾಧಾರಣ ಲ್ಯಾಪ್‌ಟಾಪಿಗೂ ಭಾರವಾಗದು.

ಕರೆಂಟು ಹೋದಾಗ

ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಶಿರಸಿ, ಯಲ್ಲಾಪುರದ ಕಡೆ ಲೈನಿನ ಮೇಲೆ ಮರ ಬಿದ್ದು ಕರೆಂಟು ಹೋಗುವುದು ಮಾಮೂಲು. ಬ್ಯಾಟರಿಯಿಲ್ಲದ ಕಂಪ್ಯೂಟರಿನಲ್ಲಿ ಆಡುವವರಿಗೆ ಈ ಭಾಗವೇ ಎಲ್ಲಕ್ಕಿಂತ ಮುಖ್ಯ. ಗೇಮಿನೊಳಗೆ 'ಸೇವ್' ಎಂದು ಕೊಟ್ಟರೂ ಆ ಮಾಹಿತಿ ಮೊದಲು ರ್‍ಯಾಮಿನಲ್ಲಿ ಕೂರುತ್ತದೆ. ಆಟೋಸೇವ್ ಆಫ್ ಆಗಿದ್ದರೆ ಅದು ಡಿಸ್ಕಿಗೆ ಇಳಿಯುವುದು ನೀವು ಗೇಮ್ ಮುಚ್ಚಿದಾಗ. ನಡುವೆ ಕರೆಂಟು ಹೋದರೆ ಸಂಜೆಯಿಡೀ ಆಡಿದ್ದು ನೀರಿನಲ್ಲಿ ಹೋಮ.

'ಸೆಟ್ಟಿಂಗ್ಸ್', 'ಸೇವಿಂಗ್' ಒಳಗೆ 'ಸೇವ್‌ರ್‍ಯಾಮ್ ಆಟೋಸೇವ್ ಇಂಟರ್ವಲ್' ಅನ್ನು 10 ಸೆಕೆಂಡ್ ಮಾಡಿ. ಅಲ್ಲೇ ಇರುವ 'ಆಟೋ ಸೇವ್ ಸ್ಟೇಟ್' ನಂಬಿ ಕೂರಬೇಡಿ. ಅದು ಕೆಲಸ ಮಾಡುವುದು ಗೇಮನ್ನು ಸರಿಯಾಗಿ ಮುಚ್ಚಿದಾಗ ಮಾತ್ರ. ಸೇವ್ ಸೌಲಭ್ಯವೇ ಇಲ್ಲದ ಹಳೆ ಗೇಮುಗಳಲ್ಲಿ ಹಂತ ಮುಗಿದಾಗಲೆಲ್ಲ ಎಫ್2 ಒತ್ತಿ ಸ್ಟೇಟ್, ಅಂದರೆ ಗೇಮಿನ ಆ ಕ್ಷಣದ ಸ್ಥಿತಿ, ಉಳಿಸಿ, ಎಫ್4 ಒತ್ತಿದರೆ ಅಲ್ಲಿಂದ ಮುಂದುವರಿಯುತ್ತದೆ. ಹಳೆಯ ಸ್ಟೇಟ್ ತೆರೆದಾಗ ಗೇಮಿನೊಳಗಿನ ಹೊಸ ಸೇವ್ ಅಳಿಸಿಹೋಗುವ ಅಪಾಯವಿದೆ. 'ಡೋಂಟ್ ಓವರ್‌ರೈಟ್ ಸೇವ್‌ರ್‍ಯಾಮ್' ಎಂಬುದನ್ನು ಆನ್ ಮಾಡಿದರೆ ಅದು ತಪ್ಪುತ್ತದೆ. ಸೆಟ್ಟಿಂಗುಗಳೂ ಮಾಮೂಲಾಗಿ ಉಳಿಯುವುದು ರೆಟ್ರೋಆರ್ಕ್ ಮುಚ್ಚಿದಾಗಲೇ. ಎಲ್ಲ ಹೊಂದಿಸಿದ ಕೂಡಲೇ 'ಕಾನ್ಫಿಗರೇಷನ್ ಫೈಲ್' ಒಳಗೆ 'ಸೇವ್ ಕರೆಂಟ್ ಕಾನ್ಫಿಗರೇಷನ್' ಒತ್ತಿಬಿಡಿ.

ಮನೆಗೆ ಇನ್ವರ್ಟರ್ ಇದ್ದೂ ಕಂಪ್ಯೂಟರ್ ರೀಸ್ಟಾರ್ಟ್ ಆಗುತ್ತಿದ್ದರೆ ಇನ್ವರ್ಟರಿನ ಹಿಂದಿನ ಸ್ವಿಚ್ ನೋಡಿ. ಹಲವು ಮಾದರಿಗಳಲ್ಲಿ ಯುಪಿಎಸ್ ಮೋಡ್ ಬೇರೆಯೇ ಇರುತ್ತದೆ; ಅದರಲ್ಲಿ ಬ್ಯಾಟರಿಗೆ ಬದಲಾಗುವುದು ಬೇಗ.

ಎಲ್ಲಿ ತಪ್ಪುತ್ತದೆ

ಆರ್ಕೇಡ್ ಗೇಮ್ ತೆರೆಯದಿದ್ದರೆ ಹತ್ತರಲ್ಲಿ ಒಂಬತ್ತು ಸಲ ಕಾರಣ ಜಿಪ್ ಫೈಲೇ. ಅದನ್ನು ಬಿಡಿಸಬಾರದು, ಹೆಸರು ಬದಲಿಸಬಾರದು; ಒಳಗಿನ ಚಿಪ್ಪುಗಳ ಪಟ್ಟಿ ನಿಮ್ಮ ಕೋರಿನ ಆವೃತ್ತಿಗೆ ಹೊಂದಬೇಕು. ನಿಯೋ ಜಿಯೋ ಎಂಬ ಆರ್ಕೇಡ್ ಯಂತ್ರದ ಗೇಮುಗಳಿಗೆ 'ನಿಯೋಜಿಯೋ' ಹೆಸರಿನ ಬಯೋಸ್ (ಯಂತ್ರವನ್ನು ಚಾಲೂ ಮಾಡುವ ಮೂಲ ತಂತ್ರಾಂಶ) ಜಿಪ್ ಕೂಡ ಅದೇ ಫೋಲ್ಡರಿನಲ್ಲಿರಲಿ.

ಪ್ಲೇಸ್ಟೇಷನ್ ಬಯೋಸ್ 'ಸಿಸ್ಟಮ್' ಫೋಲ್ಡರಿಗೆ ಹೋಗಬೇಕು. ಅಮೆರಿಕದ ಗೇಮುಗಳಿಗೆ ಎಸ್‌ಸಿಪಿಎಚ್5501, ಹೆಸರಿನ ಅಕ್ಷರಗಳೆಲ್ಲ ಸಣ್ಣವು, ಗಾತ್ರ ಸರಿಯಾಗಿ 5,24,288 ಬೈಟ್. ಲಿನಕ್ಸ್‌ನಲ್ಲಿ ದೊಡ್ಡಕ್ಷರ ಇದ್ದರೆ ಸಿಗದೇ ಹೋಗಬಹುದು. 'ಇನ್ಫರ್ಮೇಷನ್', 'ಕೋರ್ ಇನ್ಫರ್ಮೇಷನ್' ತೆರೆದರೆ ಬಯೋಸ್ ಸಿಕ್ಕಿದೆಯೋ ಇಲ್ಲವೋ ಅಲ್ಲೇ ಬರೆದಿರುತ್ತದೆ. ಗೇಮ್ ಓಡಿ ಸಂಗೀತ ಮಾತ್ರ ಇಲ್ಲದಿದ್ದರೆ ನೀವು ಕ್ಯೂ ಬಿಟ್ಟು ಬಿನ್ ಫೈಲನ್ನು ತೆರೆದಿದ್ದೀರಿ.

ಧ್ವನಿ ಕರಕರ ಎಂದರೆ 'ಆಡಿಯೋ ಲೇಟೆನ್ಸಿ' 64ರಿಂದ 96ಕ್ಕೆ ಏರಿಸಿ. ಅಗ್ಗದ ಯುಎಸ್‌ಬಿ ರಿಮೋಟ್ ಸಿಕ್ಕಿಸಿದಾಗ 'ನಾಟ್ ಕಾನ್ಫಿಗರ್ಡ್' ಎಂದು ಬಂದರೆ 'ಇನ್‌ಪುಟ್', 'ಪೋರ್ಟ್ 1 ಕಂಟ್ರೋಲ್ಸ್' ಒಳಗೆ 'ಸೆಟ್ ಆಲ್ ಕಂಟ್ರೋಲ್ಸ್' ಒತ್ತಿ ಒಂದೊಂದೇ ಗುಂಡಿ ತೋರಿಸಿ. ಸಿಕ್ಕಿಸಿದ್ದೇ ಗೊತ್ತಾಗದಿದ್ದರೆ 'ಡ್ರೈವರ್ಸ್' ಒಳಗೆ ಕಂಟ್ರೋಲರ್ ಡ್ರೈವರನ್ನು ಎಕ್ಸ್‌ಇನ್‌ಪುಟ್‌ನಿಂದ ಡಿಇನ್‌ಪುಟ್‌ಗೆ ಬದಲಿಸಿ ಮತ್ತೆ ಚಾಲೂ ಮಾಡಿ. ಆಡುವಾಗ ನಡುನಡುವೆ ಕೈಕೊಡುತ್ತಿದ್ದರೆ ದೋಷ ಪ್ಲಗ್ಗಿನಲ್ಲಿರಬಹುದು: ಸಮುದ್ರದ ಹತ್ತಿರದ ಮನೆಗಳಲ್ಲಿ ಯುಎಸ್‌ಬಿ ತುದಿಯೂ ಕ್ಯಾಸೆಟ್ಟಿನಂತೆಯೇ ಹಸಿರುಗಟ್ಟುತ್ತದೆ, ಅದೇ ಆಲ್ಕೋಹಾಲಿನಿಂದ ಒರೆಸಿ. ಮಳೆಗಾಲದಲ್ಲಿ ರಿಮೋಟುಗಳನ್ನು ಗಟ್ಟಿ ಮುಚ್ಚಳದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪೊಟ್ಟಣದೊಂದಿಗೆ ಇಡಿ.