ಫೋಟೊ ನೋಡಿ ಮನುಷ್ಯನನ್ನು ಬಿಡಿಸುವಾಗ ಮೊದಲು ಭಾರ ಹುಡುಕಿ

ಫೋಟೊ ನೋಡಿ ಬಿಡಿಸಿದ ಮನುಷ್ಯ ಎಷ್ಟೋ ಸಲ ತೇಲುತ್ತಿರುವ ಹಾಗೆ ಕಾಣುತ್ತಾನೆ. ಮೂಗು, ಬಟ್ಟೆಯ ಮಡಿಕೆ ಎಲ್ಲ ಸರಿ ಇರುತ್ತದೆ, ಕಾಲು ಮಾತ್ರ ನೆಲಕ್ಕೆ ಊರಿರುವುದಿಲ್ಲ. ಸುಮ್ನೆ ಅಂಚಿನ ಗೆರೆ ನಕಲು ಮಾಡಿದರೆ ಹೀಗೇ ಆಗೋದು. ಒಂದೇ ಕಾಲಿನ ಮೇಲೆ ಭಾರ ಬಿಟ್ಟು ನಿಂತ ಭಂಗಿಯಿಂದ ಶುರು ಮಾಡಿ.

ಫೋಟೊ ನೀವೇ ತೆಗೆದರೆ ಒಳ್ಳೆಯದು. ಮನೆಯವರೊಬ್ಬರನ್ನು ಮೈಗಂಟುವ ಬಟ್ಟೆಯಲ್ಲಿ ನಿಲ್ಲಿಸಿ. ಹತ್ತಿರದಿಂದ, ಕಣ್ಣಿನ ಎತ್ತರದಲ್ಲಿ ಮೊಬೈಲ್ ಹಿಡಿದರೆ ತಲೆ ದೊಡ್ಡದಾಗಿ ಕಾಲು ಗಿಡ್ಡವಾಗುತ್ತದೆ. ನಾಲ್ಕು ಮೀಟರ್ ಹಿಂದೆ ಸರಿಯಿರಿ. ಮೊಬೈಲನ್ನು ಹೊಕ್ಕುಳ ಎತ್ತರಕ್ಕೆ ಇಳಿಸಿ, ಜೂಮ್ ಮಾಡಿ. ಫ್ಲ್ಯಾಶ್ ಬೇಡ. ಒಂದು ಪಕ್ಕದ ಕಿಟಕಿಯ ಬೆಳಕು ಸಾಕು, ಎದೆ ಎಲ್ಲಿ ತಿರುಗಿದೆ ಅಂತ ನೆರಳೇ ಹೇಳುತ್ತದೆ.

ಈಗ ಪೆನ್ಸಿಲ್. ಕತ್ತಿನ ಬುಡದ ಗುಳಿಯಿಂದ ನೇರ ಕೆಳಕ್ಕೆ ಒಂದು ಗೆರೆ ಎಳೆಯಿರಿ, ಗಾರೆಯವರು ಗುಂಡು ಕಟ್ಟಿ ದಾರ ಇಳಿಬಿಡುತ್ತಾರಲ್ಲ, ಹಾಗೆ. ಅದು ಭಾರ ಹೊತ್ತ ಕಾಲಿನ ಹರಡಿನ ಹತ್ತಿರ ಬಂದು ನಿಲ್ಲಬೇಕು. ಆ ಕಡೆ ಸೊಂಟ ಮೇಲೆದ್ದಿರುತ್ತದೆ, ಅದೇ ಕಡೆಯ ಭುಜ ಸಾಮಾನ್ಯವಾಗಿ ಇಳಿದಿರುತ್ತದೆ. ಈ ಎರಡು ಓರೆ ಗೆರೆ ಬಿದ್ದಮೇಲೆಯೇ ಕೈಕಾಲು. ಫೋಟೊದಲ್ಲಿ ಓರೆ ಕಡಿಮೆ ಕಂಡರೆ ಚೂರು ಜಾಸ್ತಿಯೇ ಮಾಡಿ. ಬೇಲೂರಿನ ಮದನಿಕೆಯರ ಸೊಂಟ ನೋಡಿ, ಶಿಲ್ಪಿ ಎಷ್ಟು ಧೈರ್ಯವಾಗಿ ಬಾಗಿಸಿದ್ದಾನೆ ಅಲ್ವಾ? ಒಂದೇ ಫೋಟೊಗೆ ಒಂದೊಂದು ನಿಮಿಷದ ಹತ್ತು ಸ್ಕೆಚ್ ಮಾಡಿ. ಆಮೇಲೆ ಮೊಬೈಲ್ ಮುಚ್ಚಿಟ್ಟು ಹನ್ನೊಂದನೆಯದನ್ನು ನೆನಪಿನಿಂದ ಬಿಡಿಸಿ.

ಮಣ್ಣಿನ ಬೊಂಬೆಗೆ ಒಂದು ಫೋಟೊ ಸಾಲದು. 1887ರಲ್ಲಿ ಎಡ್ವರ್ಡ್ ಮೈಬ್ರಿಜ್ ಎಂಬ ಛಾಯಾಗ್ರಾಹಕ ಮನುಷ್ಯರ, ಪ್ರಾಣಿಗಳ ಚಲನೆ ತೋರಿಸುವ 781 ಫೋಟೊ ಫಲಕಗಳನ್ನು ಹೊರತಂದರು. ಹಲವು ಫಲಕಗಳಲ್ಲಿ ಒಂದೇ ಚಲನೆ ಪಕ್ಕದಿಂದಲೂ ಇದೆ, ಹಿಂದುಮುಂದಿನಿಂದಲೂ ಇದೆ. ಶಿಲ್ಪಿಗೆ ಬೇಕಾದದ್ದು ಅದೇ. ನೆಲದ ಮೇಲೆ ಸೀಮೆಸುಣ್ಣದಲ್ಲಿ ದೊಡ್ಡ ವೃತ್ತ ಹಾಕಿ ಎಂಟು ಗುರುತು ಮಾಡಿ. ನಡುವೆ ನಿಮ್ಮ ಮನೆಯವರು ಅಲುಗಾಡದೆ ನಿಲ್ಲಲಿ, ಸುತ್ತು ಹಾಕುವವರು ನೀವು. ಮೊಬೈಲಿನ ಎತ್ತರ, ಜೂಮ್ ಬದಲಾಗಬಾರದು. ಬೇಗ ಮುಗಿಸಿ, ಎರಡು ನಿಮಿಷ ದಾಟಿದರೆ ಭಾರ ಇನ್ನೊಂದು ಕಾಲಿಗೆ ಜಾರುತ್ತದೆ.

ಎಂಟನ್ನೂ ಎ4 ಹಾಳೆಯಲ್ಲಿ ಒಂದೇ ಅಳತೆಗೆ, ಆಳು 28 ಸೆಂ.ಮೀ. ಎತ್ತರ ಬರುವಂತೆ ಪ್ರಿಂಟ್ ಹಾಕಿಸಿ. ಬೊಂಬೆಯೂ ಅಷ್ಟೇ ಎತ್ತರವಿದ್ದರೆ ಲೆಕ್ಕ ಹಾಕುವ ಗೋಜಿಲ್ಲ. ಮಣ್ಣಿನೊಳಗೆ ಎಲುಬಿನ ಹಾಗೆ ಆಧಾರವಾಗಲು ಅಲ್ಯೂಮಿನಿಯಂ ತಂತಿಯನ್ನು ಎರಡೆಳೆ ಹೊಸೆದು ಪ್ರಿಂಟ್ ಮೇಲೇ ಇಟ್ಟು ಬಗ್ಗಿಸಿ. ಆದರೆ ಒಂದು ಎಚ್ಚರಿಕೆ. ಕ್ಯಾಮೆರಾ ಕಡೆಗೆ ಚಾಚಿದ ಕೈ ಪ್ರಿಂಟಿನಲ್ಲಿ ಮೋಟಾಗಿರುತ್ತದೆ. ಅದರ ಉದ್ದ ಪಕ್ಕದ ಫೋಟೊದಿಂದಲೇ ತೆಗೆದುಕೊಳ್ಳಿ. ಇದು ಗೊತ್ತಿಲ್ಲದೆ ನನ್ನ ಮೊದಲ ಬೊಂಬೆಯ ಮುಂಗೈಯನ್ನು ಮೂರು ಸಲ ಕಿತ್ತು ಕಟ್ಟಿದ್ದೆ.

ತಂತಿಯ ಬೊಂಬೆ ಹಲಗೆಯ ಮೇಲೆ ನಿಂತಾಗಲೇ ಗುಳಿಯಿಂದ ದಾರ ಇಳಿಬಿಡಿ, ಮುಂದಿನಿಂದ ಒಮ್ಮೆ, ಪಕ್ಕದಿಂದ ಒಮ್ಮೆ ನೋಡಿ. ಎರಡೂ ಕಡೆ ಫೋಟೊಗೆ ಹೊಂದಿದರೆ ಜೇಡಿಮಣ್ಣು ಮೆತ್ತಲು ಶುರು ಮಾಡಬಹುದು.