ಕೇಡು ನಡೆಯುವ ಮೊದಲೇ: ಒಂದು ಆನ್‌ಲೈನ್ ನೆರವು ಗುಂಪನ್ನು ನಾವು ನಡೆಸುವ ಬಗೆ

ಮಕ್ಕಳ ಬಗ್ಗೆ ಲೈಂಗಿಕ ಆಕರ್ಷಣೆ ಹುಟ್ಟುತ್ತದೆ, ಆದರೆ ಯಾವ ಮಗುವಿಗೂ ಕೇಡು ಮಾಡಬಾರದು ಎಂದು ಗಟ್ಟಿ ಮನಸ್ಸು ಮಾಡಿರುವ ವಯಸ್ಕರು ಇದ್ದಾರೆ. ಅವರು ಇದನ್ನು ಮನೆಯಲ್ಲಿ ಹೇಳುವಂತಿಲ್ಲ, ಡಾಕ್ಟರ ಎದುರು ಕೂತರೂ ಬಾಯಿ ಬರುವುದಿಲ್ಲ. ಇಂಥವರು ಹೆಸರು ಹೇಳದೆ ಒಬ್ಬರಿಗೊಬ್ಬರು ಆಸರೆಯಾಗುವ ಗುಂಪು ನಮ್ಮದು. ಮಗುವಿನ ಸುರಕ್ಷತೆಗಾಗಿಯೇ ಈ ಗುಂಪು ಇರುವುದು; ಉಳಿದ ಎಲ್ಲ ನಿಯಮಗಳೂ ಅದರಿಂದ ಹೊರಟವು.

ಬರ್ಲಿನ್‌ನ ಶಾರಿಟೆ ಆಸ್ಪತ್ರೆ 2005ರಲ್ಲೇ ಇಂಥವರಿಗೆ ಗೋಪ್ಯ ಚಿಕಿತ್ಸೆ ಶುರು ಮಾಡಿತು. ಬ್ರಿಟನ್ನಿನಲ್ಲಿ ಲೂಸಿ ಫೇತ್‌ಫುಲ್ ಫೌಂಡೇಷನ್ ನಡೆಸುವ 'ಸ್ಟಾಪ್ ಇಟ್ ನೌ' ಸಹಾಯವಾಣಿಗೆ ಹೆಸರು ಹೇಳದೆ ಕರೆ ಮಾಡಬಹುದು. ಆ ಪದ್ಧತಿಗಳನ್ನು ಇಲ್ಲಿಗೆ ಇದ್ದ ಹಾಗೇ ತರಲು ಬರುವುದಿಲ್ಲ. ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ಕಾಪಾಡುವ 2012ರ ಪೋಕ್ಸೊ ಕಾಯ್ದೆಯ ಕಲಂ 19ರ ಪ್ರಕಾರ, ಮಗುವಿನ ಮೇಲೆ ಅಪರಾಧ ನಡೆದಿದೆ ಎಂದು ಗೊತ್ತಿದ್ದರೆ ಮಾತ್ರವಲ್ಲ, ನಡೆಯಬಹುದು ಎಂಬ ಆತಂಕವಿದ್ದರೂ ಪೊಲೀಸರಿಗೆ ತಿಳಿಸಲೇಬೇಕು. ಡಾಕ್ಟರು, ಕೌನ್ಸೆಲರುಗಳಿಗೂ ವಿನಾಯಿತಿ ಇಲ್ಲ. ತಿಳಿಸದಿದ್ದರೆ ಕಲಂ 21ರಡಿ ಆರು ತಿಂಗಳವರೆಗೆ ಜೈಲು ಆಗಬಹುದು.

ಹಾಗಾಗಿ 'ಎಲ್ಲವೂ ಗುಟ್ಟಾಗಿರುತ್ತದೆ' ಎಂಬ ಮಾತು ನಾವು ಯಾರಿಗೂ ಕೊಡುವುದಿಲ್ಲ. ಒಳಗೆ ಬರುವವರು ಮೊದಲು ಓದುವುದೇ ಇದನ್ನು: 'ನಿಮ್ಮ ಹೆಸರು, ಊರು, ಕೆಲಸ ಬರೆಯಬೇಡಿ. ಮನಸ್ಸಿನಲ್ಲಿ ಬರುವ ಆಕರ್ಷಣೆ ಅಪರಾಧವಲ್ಲ, ಅದರ ಬಗ್ಗೆ ಮಾತಾಡಬಹುದು. ಯಾವುದೇ ಮಗುವಿಗೆ ತೊಂದರೆಯಾಗಿದೆ ಅಥವಾ ಆಗಲಿದೆ ಎಂದು ನಮಗೆ ತಿಳಿದರೆ ಪೊಲೀಸರಿಗೆ ತಿಳಿಸುತ್ತೇವೆ.' ಇದನ್ನು ಓದಿ ಕೆಲವರು ವಾಪಸು ಹೋಗುತ್ತಾರೆ. ಆದರೂ ಇದನ್ನು ಮೊದಲೇ ಹೇಳಬೇಕು. ನಂಬಿಸಿ ಕರೆದು ಆಮೇಲೆ ದೂರು ಕೊಟ್ಟರೆ ಮುಂದೆ ಯಾರೂ ಬಾಗಿಲು ತಟ್ಟುವುದಿಲ್ಲ.

ಗುಂಪಿನ ಕಟ್ಟುನಿಟ್ಟು ಹೀಗಿದೆ. ಬರಹ ಮಾತ್ರ; ಫೋಟೊ, ಲಿಂಕ್, ಫೈಲ್ ಯಾವುದನ್ನೂ ಕಳಿಸಲು ಬಾರದಂತೆ ಸೆಟ್ಟಿಂಗ್‌ನಲ್ಲೇ ಮುಚ್ಚಿದ್ದೇವೆ. ಸದಸ್ಯರು ಒಬ್ಬರಿಗೊಬ್ಬರು ಖಾಸಗಿ ಮೆಸೇಜ್ ಕಳಿಸುವಂತಿಲ್ಲ. ಹೊರಗೆ ಬೇರೆ ಆ್ಯಪ್‌ನಲ್ಲಿ ಸಿಗೋಣ ಎಂದು ಯಾರು ಕರೆದರೂ ಅದೇ ದಿನ ಹೊರಗೆ, ಎರಡನೇ ಎಚ್ಚರಿಕೆ ಇಲ್ಲ. ಚಿತ್ರ, ವಿಡಿಯೊ ಕೈಬದಲಾಗುವುದು ಅಂಥ ಮೂಲೆಗಳಲ್ಲೇ. ಬಳಕೆದಾರ ಹೆಸರನ್ನು ನಾವೇ ಕೊಡುತ್ತೇವೆ. ಸಂಜೆ ಎರಡು ತಾಸು ಮಾತ್ರ ಗುಂಪು ತೆರೆದಿರುತ್ತದೆ, ಆಗ ಯಾವಾಗಲೂ ಇಬ್ಬರು ಮೇಲ್ವಿಚಾರಕರು ಇರಬೇಕು, ಒಬ್ಬರೇ ಇದ್ದರೆ ತೆರೆಯುವುದಿಲ್ಲ. ಉಳಿದ ಹೊತ್ತಿನಲ್ಲಿ ಬರೆದದ್ದು ಓದಿ ಒಪ್ಪಿದ ಮೇಲಷ್ಟೇ ಕಾಣುತ್ತದೆ. 18 ತುಂಬದವರು ಬರೆದರೆ ಅವರನ್ನು ವಯಸ್ಕರ ನಡುವೆ ಬಿಡದೆ ಮಕ್ಕಳ ಮನೋವೈದ್ಯರ ಕಡೆ ದಾಟಿಸುತ್ತೇವೆ.

ಕೆಡುವುದು ಹೆಚ್ಚಾಗಿ ಸಮಾಧಾನದ ಮಾತಿನಲ್ಲೇ. 'ನೀನು ಕೆಟ್ಟವನಲ್ಲ' ಎಂದು ಒಬ್ಬ ಬರೆಯುತ್ತಾನೆ, ಅದು ಸರಿ. ನಾಲ್ಕು ಉತ್ತರ ಕಳೆಯುವುದರೊಳಗೆ 'ಆ ಮಗುವೇ ಹತ್ತಿರ ಬಂತು', 'ಬರೀ ನೋಡಿದರೆ ಯಾರಿಗೆ ನಷ್ಟ' ಎಂಬಲ್ಲಿಗೆ ಮಾತು ಜಾರಿರುತ್ತದೆ. ಒಂಟಿತನದಲ್ಲಿ ಬೆಂದವರಿಗೆ ಒಪ್ಪಿಗೆ ಬೇಕಾಗಿರುತ್ತದೆ, ಸಿಕ್ಕ ಒಪ್ಪಿಗೆಯನ್ನು ನೆಪಕ್ಕೂ ಹಿಗ್ಗಿಸಿಕೊಳ್ಳುತ್ತಾರೆ. ಇಂಥ ವಾಕ್ಯವನ್ನು ಸದ್ದಿಲ್ಲದೆ ಅಳಿಸಿದರೆ ಓದಿದವರಿಗೆ ಏನೂ ತಿಳಿಯದು. ಅದರ ಕೆಳಗೇ ಉತ್ತರ ಬರೆಯಬೇಕು: ಮಗು ಒಪ್ಪಿಗೆ ಕೊಡಲಾರದು, ನೋಡಿದ ಪ್ರತಿ ವಿಡಿಯೊದ ಹಿಂದೆಯೂ ಹಿಂಸೆಗೊಳಗಾದ ಒಂದು ಮಗು ಇದೆ, ಪೋಕ್ಸೊ ಕಲಂ 15 ಮತ್ತು ಐಟಿ ಕಾಯ್ದೆಯ 67ಬಿ ಇದನ್ನು ಅಪರಾಧವೆಂದೇ ಹೇಳುತ್ತವೆ. ಖಾಸಗಿಯಾಗಿ ಡೌನ್‌ಲೋಡ್ ಮಾಡಿ ನೋಡುವುದಷ್ಟೇ ಅಪರಾಧವಲ್ಲ ಎಂದಿದ್ದ ಮದ್ರಾಸ್ ಹೈಕೋರ್ಟಿನ ತೀರ್ಪನ್ನು ಸುಪ್ರೀಂ ಕೋರ್ಟ್ 2024ರ ಸೆಪ್ಟೆಂಬರಿನಲ್ಲಿ ತಳ್ಳಿಹಾಕಿತು. ಕಲ್ಪನೆಗಳ ವರ್ಣನೆಯನ್ನು ಮಾತ್ರ ಪ್ರಕಟಿಸುವುದೇ ಇಲ್ಲ, ಅದು ಮತ್ತೊಬ್ಬನ ಮನಸ್ಸಿಗೆ ಕಿಡಿ.

ಬರೆಯಲು ನಾವು ಕೊಡುವುದು ಇವತ್ತಿನ ವಿಷಯ: ಈ ವಾರ ಯಾವ ಸಂದರ್ಭ ಬರಲಿದೆ, ಏನು ಮಾಡುತ್ತೀರಿ? ನಮ್ಮ ಕುಟುಂಬಗಳಲ್ಲಿ ಇದು ಬಹಳ ಮುಖ್ಯ. ಬೇಸಿಗೆ ರಜೆಗೆ ಅಕ್ಕನ ಮಕ್ಕಳು ಬರುತ್ತಾರೆ. ಮದುವೆ ಮನೆಯಲ್ಲಿ ಹಾಲ್ ತುಂಬ ಚಾಪೆ ಹಾಸಿ ಎಲ್ಲರೂ ಸಾಲಾಗಿ ಮಲಗುತ್ತಾರೆ. 'ನೀನು ಮನೇಲೇ ಇದ್ದೀಯಲ್ಲ, ಒಂದರ್ಧ ಗಂಟೆ ಮಗು ನೋಡ್ಕೋ' ಎಂದು ಅತ್ತಿಗೆ ಹೇಳಿ ಅಂಗಡಿಗೆ ಹೊರಡುತ್ತಾರೆ. ಆ ಗಳಿಗೆಯಲ್ಲಿ ನೆಪ ಹುಡುಕಲು ಹೋದರೆ ತಡವರಿಸುತ್ತಾರೆ. ಅದಕ್ಕೇ ವಾಕ್ಯವನ್ನು ಮೊದಲೇ ಗುಂಪಿನಲ್ಲಿ ಬರೆದಿಡಿಸುತ್ತೇವೆ: 'ನಂಗೆ ಆಫೀಸ್ ಕಾಲ್ ಇದೆ ಅತ್ತಿಗೆ, ಮಗೂನ ಕರ್ಕೊಂಡೇ ಹೋಗಿ.' ಉಳಿದವರು ಅದನ್ನು ಓದಿ, ಅತ್ತಿಗೆ ಬಿಡದೆ ಒತ್ತಾಯಿಸಿದರೆ ಏನು ಎಂದು ಕೇಳಬೇಕು. ಎರಡನೇ ವಾಕ್ಯವೂ ಸಿದ್ಧವಾಗುತ್ತದೆ, ತಾನೇ ಮನೆಯಿಂದ ಹೊರಡುವ ದಾರಿಯೂ. ಮನೆಪಾಠ ಹೇಳುವ ಕೆಲಸ ಬೇಡ, ಮಗುವಿಗೆ ಸ್ನಾನ ಮಾಡಿಸುವ ಹೊಣೆ ಬೇಡ, ಕುಡಿದ ದಿನ ಮಕ್ಕಳಿರುವ ಮನೆಗೆ ಹೋಗುವುದು ಬೇಡ. ರಾತ್ರಿ ಫೋನ್ ಮಲಗುವ ಕೋಣೆಯ ಹೊರಗೆ ಚಾರ್ಜ್ ಆಗಲಿ. ಗುಂಪಿನಿಂದ ನಿಜವಾದ ಉಪಯೋಗ ಆಗುವುದು ಈ ಸಣ್ಣ ಸಿದ್ಧತೆಗಳಲ್ಲೇ, ಇದು ನನ್ನ ದೃಢ ಅಭಿಪ್ರಾಯ.

ಬರುವವರಲ್ಲಿ ಇನ್ನೊಂದು ಬಗೆಯವರೂ ಇದ್ದಾರೆ. ಅವರಿಗೆ ಇರುವುದು ಆಕರ್ಷಣೆ ಅಲ್ಲ, ಗೀಳು ಕಾಯಿಲೆ, ಒಸಿಡಿ. ಮಗುವಿಗೆ ಡಯಾಪರ್ ಬದಲಿಸುವಾಗ ಬೇಡದ ಯೋಚನೆ ನುಗ್ಗಿ, 'ನಾನು ರಾಕ್ಷಸಿಯೇ?' ಎಂದು ಬಾಣಂತಿ ನಡುಗುತ್ತಾಳೆ. ಒಂದೇ ಪ್ರಶ್ನೆಯನ್ನು ಮಾತು ಬದಲಿಸಿ ಬದಲಿಸಿ ಕೇಳುತ್ತಿದ್ದರೆ ಇದನ್ನು ಅನುಮಾನಿಸುತ್ತೇವೆ. ಸದಸ್ಯರು 'ಇಲ್ಲ, ನೀವು ಹಾಗಲ್ಲ' ಎಂದು ಪ್ರತಿ ಸಲ ಧೈರ್ಯ ಹೇಳಿದರೆ ಗೀಳು ಇನ್ನೂ ಬಲಿಯುತ್ತದೆ. ಗುರುತಿಸುವುದು ವೈದ್ಯರ ಕೆಲಸ, ನಾವು ಮನೋವೈದ್ಯರ ಹತ್ತಿರ ಕಳಿಸುತ್ತೇವೆ. ಇದಕ್ಕೆ ಔಷಧಿಯೂ ನಿರ್ದಿಷ್ಟ ಚಿಕಿತ್ಸೆಯೂ ಇದೆ.

ನಾಚಿಕೆಯಿಂದ ಸಾಯುವ ಯೋಚನೆ ಬರುವುದು ಇಲ್ಲಿ ಅಪರೂಪವಲ್ಲ. ಸುಳಿವು ಕಂಡರೆ ಸುತ್ತಿಬಳಸದೆ ಕೇಳಬೇಕು: 'ಸಾಯಬೇಕು ಅನ್ನಿಸುತ್ತಿದೆಯೇ? ಹೇಗೆ ಎಂದೂ ಯೋಚಿಸಿದ್ದೀರಾ?' ಕೇಳಿದ್ದರಿಂದ ಆ ಯೋಚನೆ ಹುಟ್ಟುವುದಿಲ್ಲ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಯಾವ ಹೊತ್ತಿನಲ್ಲೂ ಕನ್ನಡದಲ್ಲಿ ಮಾತಾಡಬಹುದು.

ಗುಂಪೇ ಚಿಕಿತ್ಸೆ ಎಂದು ಯಾರೂ ಭ್ರಮಿಸಬಾರದು. ಸ್ವೀಡನ್ನಿನ ಕರೋಲಿನ್ಸ್ಕಾ ಸಂಸ್ಥೆ ಗುರುತು ಮರೆಸಿ ಬಳಸುವ ಗುಪ್ತ ಅಂತರ್ಜಾಲ ಡಾರ್ಕ್‌ನೆಟ್‌ನಲ್ಲಿ ಹೆಸರು ಕೇಳದೆ 160 ಜನರ ಮೇಲೆ ಪ್ರಯೋಗ ನಡೆಸಿದಾಗ, ಎಂಟು ವಾರಗಳ ಚಿಕಿತ್ಸೆ ಪಡೆದವರು ಮಕ್ಕಳ ಮೇಲಿನ ದೌರ್ಜನ್ಯದ ದೃಶ್ಯ ನೋಡುವುದು ಉಳಿದವರಿಗಿಂತ ಹೆಚ್ಚು ತಗ್ಗಿತು. ಅಲ್ಲಿ ಪ್ರತಿಯೊಬ್ಬರ ಜೊತೆಗೂ ತರಬೇತಾದ ಚಿಕಿತ್ಸಕರಿದ್ದರು. ಗುಂಪು ಆ ಬಾಗಿಲವರೆಗೆ ಕೈಹಿಡಿದು ನಡೆಸಬಲ್ಲದು.

ಯಾರಾದರೂ ಒಂದು ಮಗುವಿನ ಗುರುತು ಹತ್ತುವಷ್ಟು ವಿವರ ಕೊಟ್ಟು, ಅಪಾಯವಿದೆ ಎಂದು ಕಂಡರೆ ಮೊದಲು ಸಂದೇಶವನ್ನು ಉಳಿದವರಿಗೆ ಕಾಣದಂತೆ ಮುಚ್ಚುತ್ತೇವೆ. ಅಳಿಸುವುದಿಲ್ಲ, ಅದು ಸಾಕ್ಷ್ಯ. ಸಮಯ ಬರೆದಿಟ್ಟುಕೊಂಡು, ಇಬ್ಬರೂ ಮೇಲ್ವಿಚಾರಕರು ಓದಿ, ಅದೇ ಹೊತ್ತಿನಲ್ಲಿ ಪೊಲೀಸರಿಗೆ ತಿಳಿಸುತ್ತೇವೆ. ಮಗುವಿಗೆ ತಕ್ಷಣ ರಕ್ಷಣೆ ಬೇಕಿದ್ದರೆ 112, ಜೊತೆಗೆ ಮಕ್ಕಳ ಸಹಾಯವಾಣಿ 1098. ನಿಜವೋ ಸುಳ್ಳೋ ಎಂದು ನಾವೇ ವಿಚಾರಿಸಲು ಹೋಗುವುದಿಲ್ಲ. ವಿಚಾರಿಸುತ್ತ ಕೂತರೆ ಬರೆದವನು ಎಚ್ಚೆತ್ತು ಮಗುವಿನ ಬಾಯಿ ಮುಚ್ಚಿಸಬಹುದು.